ಹದಿಮೂರನೆಯ ಪ್ರಯೋಗ

"ಅಮ್ಮಾ, ಹಾರ್ನ್ ಬಾಯಿ ಯಾವ ಕಡೆ ಇರ್ಲಿ? ರಸ್ತೆ ಕಡೆಗಾ, ಯಜಮಾನ್ರ ಕಡೆಗಾ?" ಕಾಂಪೌಂಡ್ ಗೋಡೆಯ ಮೇಲೆ ನಿಂತು, ವೈರನ್ನು ಹಲ್ಲಿನಲ್ಲಿ ಕಚ್ಚಿಕೊಂಡೇ ಕೈಲಾಸ್ ಕೂಗಿದ.

ಯಜಮಾನರೆಂದರೆ ಏಕಾಂತಯ್ಯ. ಹಣೆ ತುಂಬ ವಿಭೂತಿ, ತಲೆಗೆ ರುಮಾಲು, ಕೊರಳಿಗೆ ಸೇವಂತಿಗೆ ಹಾರ ಹಾಕಿಸಿಕೊಂಡು, ಜರಗನಹಳ್ಳಿಯ ತಮ್ಮ ಮನೆಯ ಅಂಗಳದಲ್ಲಿ ಗೋಡೆಗೊರಗಿ ಕೂತಿದ್ದರು. ನಿನ್ನೆ ಸಂಜೆ ಕಾಫಿ ಕುಡಿದು ಲೋಟ ಕೆಳಗಿಟ್ಟವರು ಮತ್ತೆ ಏಳಲಿಲ್ಲ. ವಯಸ್ಸು ಎಪ್ಪತ್ತೆಂಟು. ತಿಲಕ್ ನಗರದಲ್ಲಿ ನಲವತ್ತು ವರ್ಷ ಮೈಕ್ ಸೆಟ್ ಅಂಗಡಿ ನಡೆಸಿ, ಅಪ್ಪನ ಮದುವೆಗೂ ಮಗನ ಮದುವೆಗೂ 'ಹಲೋ, ಮೈಕ್ ಟೆಸ್ಟಿಂಗ್' ಎಂದವರು. ಕೈಲಾಸ್ ಅವರ ಬಳಿ ಕೆಲಸ ಕಲಿತವನು. ಈಗ ಅವನ ತಲೆಯೂ ಅರ್ಧ ಬೆಳ್ಳಗಾಗಿದೆ.

"ಅವ್ರ ಕಡೆಗೇ ತಿರುಗ್ಸಪ್ಪ. ರಸ್ತೆಗೆಲ್ಲ ಯಾಕೆ?" ಎಂದರು ಹೆಂಡತಿ ಉಮಾಮಹೇಶ್ವರಿ. ಆ ಹಾರ್ನಿಗೆ ಕರೆಂಟೇ ಬರದಿದ್ದರೆ ಅವರಿಗೆ ಇನ್ನೂ ಸಮಾಧಾನವಾಗುತ್ತಿತ್ತು.

ಮೊಮ್ಮಗಳು ಸಿರಿ ಒಂದು ಹಳೆಯ ಕ್ಯಾಸೆಟ್ಟನ್ನು ಸೆರಗಿನಂಚಿನಿಂದ ಒರೆಸುತ್ತಿದ್ದಳು. ಅದರ ಮೇಲೆ ತಾತನ ದುಂಡು ಅಕ್ಷರ: 'ಪ್ರಯೋಗ ೧೩. ಗೆದ್ದದ್ದು. ನನ್ನ ವಿಮಾನ ಏಳುವ ಮುಂಚೆ ಹಾಕಬೇಕು. ಮೊದಲು ಹಿಂದಕ್ಕೆ, ಆಮೇಲೆ ಮುಂದಕ್ಕೆ.' ಹೊರಗೆ, ಅವರನ್ನು ಕೂರಿಸಿ ಹೊತ್ತೊಯ್ಯುವ ಬಿದಿರಿನ ವಿಮಾನಕ್ಕೆ ಬಾಳೆಕಂದು ಕಟ್ಟುವ ಕೆಲಸ ಮುಗಿಯುತ್ತಾ ಬಂದಿತ್ತು.

"ಅಜ್ಜಿ, ಇದರಲ್ಲಿ ಏನಿದೆ?"

"ನಾನ್ ಕೇಳಿಲ್ಲಮ್ಮ," ಎಂದರು ಉಮಾಮಹೇಶ್ವರಿ. ಅದು ನಿಜ. ಆದರೆ ಅದರಲ್ಲಿ ಏನಿರಬಹುದೆಂದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಮೂವತ್ತನಾಲ್ಕು ವರ್ಷ ಮುಚ್ಚಿಟ್ಟದ್ದು ಇವತ್ತು, ಎಲ್ಲ ಬಿಟ್ಟು ಇವತ್ತು, ಊರವರ ಮುಂದೆ ಮೈಕಿನಲ್ಲಿ ಬಯಲಾಗಲಿತ್ತು. ತಮ್ಮ ಮಾನದ ಚಿಂತೆಯಲ್ಲ. ಗಂಡನನ್ನು ನೋಡಿ ಜನ ನಗುತ್ತಾರಲ್ಲ ಎಂಬ ಚಿಂತೆ.

ಗಂಡನ ಅಕ್ಕ ಬಸವಲಿಂಗಮ್ಮ ಪಕ್ಕಕ್ಕೆ ಬಂದು ಕೂತರು. "ಉಮಾ, ಬಳೆ ತೆಗೀಬೇಕಲ್ಲೇ."

"ತೆಗೀತೀನಿ ಅತ್ಗೆ. ಕ್ಯಾಸೆಟ್ ಒಂದು ಮುಗೀಲಿ."

*

ಏಕಾಂತಯ್ಯನವರಿಗೆ ಒಂದು ಸಿದ್ಧಾಂತವಿತ್ತು. ಕಾಲ ಮುಂದೆ ಹೋಗುವುದೇ ಸದ್ದಿನ ಬೆನ್ನು ಹತ್ತಿ. ಅದೇ ಸದ್ದನ್ನು ಅದೇ ಜಾಗದಲ್ಲಿ ಬಾಲದಿಂದ ತಲೆಗೆ ನುಡಿಸಿದರೆ, ಕಾಲವೂ ಅಷ್ಟು ದೂರ ಹಿಂದಕ್ಕೆ ಬರಲೇಬೇಕು. ಇದಕ್ಕೆಂದೇ ಒಂದು ಟೇಪ್ ರೆಕಾರ್ಡರಿನ ಮೋಟಾರನ್ನು ಬಿಚ್ಚಿ ಉಲ್ಟಾ ತಿರುಗುವಂತೆ ಮಾಡಿದ್ದರು.

ಪ್ರಯೋಗಶಾಲೆ ಅಡುಗೆಮನೆ. ಹಾಲು ಕಾಯುವ ಸದ್ದನ್ನು ಮೊದಲು ಹಿಡಿಯುವುದು. ಆಮೇಲೆ ಹಾಲು ಉಕ್ಕುವ ಹೊತ್ತಿಗೆ ಅದನ್ನೇ ಹಿಂದುಮುಂದಾಗಿ ನುಡಿಸುವುದು. ಉಕ್ಕಿದ ಹಾಲು ಕೆಳಗಿಳಿದರೆ ಗೆದ್ದಂತೆ. ಸಾಕ್ಷಿಗೆ ಇನ್ನೊಂದು ರೆಕಾರ್ಡರ್ ಪಕ್ಕದಲ್ಲಿ ಓಡುತ್ತಿರಬೇಕು. ಹನ್ನೆರಡು ಸಲ ಹಾಲು ಉಕ್ಕಿತು. ಹನ್ನೆರಡು ಸಲ ಉಮಾಮಹೇಶ್ವರಿ ಒಲೆ ಒರೆಸಿದರು.

"ಇದೇ ಕೊನೆ ಕಣೇ," ಎಂದರು ಏಕಾಂತಯ್ಯ ಹದಿಮೂರನೆಯ ಸಲ. "ಇವತ್ತೂ ಆಗ್ಲಿಲ್ಲ ಅಂದ್ರೆ ನಾಳೆ ಮಿಷನ್ನು ಗುಜರಿಗೆ."

ಕಣ್ಣು ಮುಚ್ಚಿ, ಕಿವಿ ಕೊಟ್ಟು ನಿಂತರು. ಮುಚ್ಚಿದ ಆ ಕಣ್ಣುಗಳನ್ನು, ಪರೀಕ್ಷೆಯ ಫಲಿತಾಂಶಕ್ಕೆ ಕಾದ ಮಗುವಿನಂಥ ಆ ಮುಖವನ್ನು ಉಮಾಮಹೇಶ್ವರಿ ನೋಡಿದರು. ಹಾಲು ಅಂಚಿಗೆ ಬಂದಿತ್ತು. ಅವರ ಕೈ ತಾನಾಗಿ ಗ್ಯಾಸ್ ಒಲೆಯ ಗುಂಡಿಗೆ ಹೋಯಿತು.

ಕಣ್ಣು ಬಿಟ್ಟ ಏಕಾಂತಯ್ಯ ಕುಣಿದುಬಿಟ್ಟರು. ಬೀದಿಗೆ ಓಡಿ ಎಲ್ಲರಿಗೂ ಹೇಳಿದರು, ಸಂಜೆ ಮೂರು ಕೆ.ಜಿ. ಮೈಸೂರ್ ಪಾಕ್ ಹಂಚಿದರು. ಅವರು ಆಚೆ ಹೋದ ಮೇಲೆ ಉಮಾಮಹೇಶ್ವರಿ ಒಲೆಯನ್ನು ಮತ್ತೆ ಹೊತ್ತಿಸಿ ಹಾಲು ಕಾಯಿಸಿಕೊಂಡರು.

ಹದಿನಾಲ್ಕನೆಯ ಪ್ರಯೋಗ ನಡೆಯಲೇ ಇಲ್ಲ. ಯಾರಾದರೂ ಕೇಳಿದರೆ ಏಕಾಂತಯ್ಯ, "ಗೆದ್ದ ಮೇಲೆ ಮತ್ಯಾಕ್ರೀ ಪಂದ್ಯ?" ಎನ್ನುತ್ತಿದ್ದರು.

*

ವಿಮಾನ ಸಿದ್ಧವಾಯಿತು. ಏಕಾಂತಯ್ಯನವರನ್ನು ಅದರಲ್ಲಿ ಕೂರಿಸಿದರು. ಜಾಗಟೆ ಹಿಡಿದಿದ್ದ ಪುರೋಹಿತ ಅಯ್ಯನವರು ಬಾರಿಸದೆ ಕಾದು ನಿಂತರು. ಸಿರಿ ಉಲ್ಟಾ ರೆಕಾರ್ಡರಿಗೆ ಕ್ಯಾಸೆಟ್ ಹಾಕಿ, ಅದರ ಮುಂದೆ ಮೈಕ್ ಹಿಡಿದಳು.

ಹಾರ್ನಿನಿಂದ ಗೊರಗೊರ, ಸುಯ್ ಸುಯ್ ಎಂಬ ವಿಚಿತ್ರ ಸದ್ದು ಬಂತು. ಎದುರು ಮನೆಯ ಸಂಜೀವಯ್ಯ ಒಮ್ಮೆ ಏಕಾಂತಯ್ಯನವರ ಮುಖ ನೋಡಿ, ಒಮ್ಮೆ ತಮ್ಮ ಕೈಗಡಿಯಾರ ನೋಡಿಕೊಂಡರು. ಗಡಿಯಾರ ಮುಂದಕ್ಕೇ ಹೋಗುತ್ತಿತ್ತು.

"ಆಯ್ತಲ್ಲಮ್ಮ, ಇನ್ನು ಎತ್ತೋಣ," ಎಂದರು ಉಮಾಮಹೇಶ್ವರಿ ಆತುರದಿಂದ.

"ಇಲ್ಲ ಅಜ್ಜಿ, ಮುಂದಕ್ಕೂ ಹಾಕ್ಬೇಕು ಅಂತ ತಾತ ಬರ್ದಿದ್ದಾರೆ." ಸಿರಿ ಕ್ಯಾಸೆಟ್ ತೆಗೆದು ಇನ್ನೊಂದು ರೆಕಾರ್ಡರಿಗೆ ಹಾಕಿದಳು.

ಈಗ ಹಾಲು ಕಾಯುವ ಸದ್ದು ಎಲ್ಲರಿಗೂ ಗುರುತು ಸಿಕ್ಕಿತು. ಸುಯ್ ಎಂದು ಏರಿತು, ಏರಿತು. ಆಮೇಲೆ ಘಲ್ ಎಂದು ಬಳೆಯ ಸದ್ದು. ಟಕ್.

ಅಂಗಳದಲ್ಲಿದ್ದ ಒಬ್ಬೊಬ್ಬ ಹೆಂಗಸಿಗೂ ಆ 'ಟಕ್' ಏನೆಂದು ತಿಳಿಯಿತು. ಎಲ್ಲರೂ ಉಮಾಮಹೇಶ್ವರಿಯ ಕಡೆ ತಿರುಗಿದರು. ಅವರು ತಲೆ ತಗ್ಗಿಸಿದರು.

"ಇಳೀತು! ಉಮಾ, ಇಳೀತು ಕಣೇ!" ಹಾರ್ನಿನಲ್ಲಿ ಏಕಾಂತಯ್ಯ ಕೂಗಿದರು. ಚಪ್ಪಲಿಯ ಸದ್ದು, ಬಾಗಿಲ ಸದ್ದು. ಆಮೇಲೆ ಕಡ್ಡಿ ಗೀರಿ ಒಲೆ ಹೊತ್ತಿಸಿದ ಸದ್ದು. ಯಾರೋ ಕಿಸಕ್ಕೆಂದರು. ಉಮಾಮಹೇಶ್ವರಿಗೆ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು.

ಟೇಪು ಒಂದು ಗಳಿಗೆ ಸುಮ್ಮನೆ ಓಡಿ, ಮತ್ತೆ ಮಾತಾಡಿತು. ಈಗ ದನಿ ಮೈಕಿಗೆ ತೀರ ಹತ್ತಿರವಿತ್ತು.

"ಹಲೋ, ಮೈಕ್ ಟೆಸ್ಟಿಂಗ್. ಇದು ಮಾರನೇ ದಿನ. ಉಮಾ, ಟೇಪ್ ಕೇಳ್ದೆ. ಬಳೆ ಸದ್ದೂ ಕೇಳಿಸ್ತು, ಆಮೇಲಿಂದೂ ಕೇಳಿಸ್ತು. ಮೈಕ್‌ನವನ ಕಿವಿ ಕಣೇ ಇದು! ಆದ್ರೆ ಮೈಸೂರ್ ಪಾಕ್ ಹಂಚಿ ಆಗಿದೆ, ವಾಪಸ್ ಕೇಳೋಕಾಗುತ್ತಾ? ನೀನೂ ಹೇಳ್ಬೇಡ, ನಾನೂ ಹೇಳಲ್ಲ. ಗೆದ್ದೆ ಅಂತ್ಲೇ ಬರ್ಕೋತೀನಿ. ಯಾಕಂದ್ರೆ, ಗೆದ್ದಿದ್ದೀನಿ."

ಈ ಸಲ ಮೊದಲು ನಕ್ಕವರು ಉಮಾಮಹೇಶ್ವರಿಯೇ. ಕಣ್ಣಲ್ಲಿ ನೀರು ಧಾರಾಕಾರ, ಬಾಯಲ್ಲಿ ತಡೆಯಲಾಗದ ನಗು. "ಕಳ್ಳ! ಮೂವತ್ನಾಲ್ಕು ವರ್ಷ ಬಾಯಿ ಬಿಡ್ಲಿಲ್ಲ ನೋಡೇ, ಕಳ್ಳ!" ಎಂದು ಸಿರಿಯ ಭುಜ ಹಿಡಿದುಕೊಂಡರು. ಸಂಜೀವಯ್ಯ ಹೊಟ್ಟೆ ಹಿಡಿದುಕೊಂಡು ನಕ್ಕರು. ಅಯ್ಯನವರೂ ಶಲ್ಯವನ್ನು ಬಾಯಿಗೆ ಅಡ್ಡ ಹಿಡಿದರು. ಸಾವಿನ ಮನೆ ಅಷ್ಟು ನಕ್ಕದ್ದನ್ನು ಆ ಬೀದಿ ಕಂಡಿರಲಿಲ್ಲ.

ಉಮಾಮಹೇಶ್ವರಿ ಕಣ್ಣೊರೆಸಿಕೊಂಡು, ಕೊಟ್ಟ ಮಾತಿನಂತೆ ಬಳೆಗೆ ಕೈ ಹಾಕಿದರು. ಬಸವಲಿಂಗಮ್ಮ ಆ ಕೈಯನ್ನು ಗಟ್ಟಿಯಾಗಿ ಹಿಡಿದರು.

"ಇರ್ಲಿ ಬಿಡೇ. ನನ್ ತಮ್ಮ ಕೇಳಿಸ್ಕೊಂಡ್ ಹೋಗ್ಲಿ."

ಜಾಗಟೆ ಮೊಳಗಿತು, ನಾಲ್ಕು ಜನ ವಿಮಾನಕ್ಕೆ ಹೆಗಲು ಕೊಡಲು ಬಾಗಿದರು. "ಒಂದ್ ನಿಮಿಷ," ಎಂದರು ಉಮಾಮಹೇಶ್ವರಿ. ಮೈಕನ್ನು ಸಿರಿಯ ಕೈಯಿಂದ ಈಸಿಕೊಂಡು, ಗೋಡೆಯ ಕಡೆ ನೋಡಿ ಕೂಗಿದರು.

"ಕೈಲಾಸ್, ಹಾರ್ನ್ ರಸ್ತೆ ಕಡೆ ತಿರುಗ್ಸೋ."

ಹಾರ್ನ್ ತಿರುಗಿತು. ಅವರು ಬಗ್ಗಿ, ಒಂದು ಕೈಯಲ್ಲಿ ಮೈಕನ್ನು ಗಂಡನ ಕಿವಿಯ ಬಳಿ ಹಿಡಿದು, ಇನ್ನೊಂದು ಕೈಯನ್ನು ಮೆಲ್ಲಗೆ ಅಲ್ಲಾಡಿಸಿದರು. ಕನಕಪುರ ರಸ್ತೆಯಲ್ಲಿ ಬಸ್ಸಿಗೆ ಕಾಯುತ್ತಿದ್ದವರೆಲ್ಲ ಕತ್ತೆತ್ತಿ, ಈ ಬಳೆಯ ಸದ್ದು ಎಲ್ಲಿಂದ ಬರುತ್ತಿದೆ ಎಂದು ಹುಡುಕತೊಡಗಿದರು.