ಚಹಾದ ಜೊತೆ ಬಂದ ಮಾತ್ರೆ

ಅರಳಸುರಳಿಯ ಶರಾವತಿಯ ಮನೆಯಲ್ಲಿ ಅಡಿಕೆ ಸುಲಿಯುವ ಹೆಂಗಸರಿಗೆ ಸಂಜೆ ಚಹಾ, ಅವಲಕ್ಕಿಯ ಜೊತೆ ಒಂದು ನೋವಿನ ಮಾತ್ರೆಯೂ ಸಿಗುತ್ತಿತ್ತು. ಕಾಲಲ್ಲಿ ಮೆಟ್ಟಿ ಹಿಡಿದು ಸುಲಿಯುವ ಮೆಟ್ಟುಗತ್ತಿಯ ಮುಂದೆ ಗಂಟೆಗಟ್ಟಲೆ ಕೂತರೆ ಸೊಂಟ ಸುಮ್ಮನಿರುತ್ತದೆಯೇ? ಅವರು ಕೇಳುವ ಮೊದಲೇ ಕೊಡುವುದು ಶರಾವತಿಯ ಉಪಚಾರ. ಅದಕ್ಕೆ ಊರಲ್ಲಿ ಒಳ್ಳೆಯ ಹೆಸರೂ ಇತ್ತು.

ಈ ಸಲದ ಕೊಯ್ಲಿನಲ್ಲಿ, ಸುಲಿಯಲು ಬರುತ್ತಿದ್ದ ದುರ್ಗಮ್ಮನ ಪಾದ ಊದಿಕೊಂಡಿತು, ಕಣ್ಣಿನ ಸುತ್ತ ಬಾವು ಬಂತು. ಶರಾವತಿಯೇ ಅವಳನ್ನು ಕಾರಿನಲ್ಲಿ ತೀರ್ಥಹಳ್ಳಿಗೆ ಕರೆದೊಯ್ದಳು. ರಕ್ತ, ಮೂತ್ರದ ಪರೀಕ್ಷೆ ನೋಡಿದ ಡಾಕ್ಟರ್ ವಿನಯಾ, "ಕಿಡ್ನಿ ಅರ್ಧಕ್ಕಿಂತ ಹೆಚ್ಚು ಸೋತಿದೆ. ಬಿಪಿಯೂ ಜಾಸ್ತಿ. ಯಾವುದಾದ್ರೂ ಮಾತ್ರೆ ತಗೊಳ್ತಿದ್ರಾ?" ಎಂದರು.

"ಎಂತದೂ ಇಲ್ಲ," ಎಂದಳು ದುರ್ಗಮ್ಮ. ಚಹಾದ ಜೊತೆ ಬಂದದ್ದನ್ನು ಅವಳು ಔಷಧಿ ಎಂದುಕೊಂಡಿರಲೇ ಇಲ್ಲ.

ಶರಾವತಿ ಕುರ್ಚಿಯನ್ನು ಮುಂದೆ ಎಳೆದುಕೊಂಡಳು. "ನೋವಿನ ಮಾತ್ರೆ ನಾನೇ ಕೊಡ್ತಿದ್ದೆ ಡಾಕ್ಟ್ರೆ. ಅಂಗಡೀಲೇ ಸಿಗ್ತದಲ್ಲ, ಅದರಿಂದ ಹೀಗಾಗ್ತದಾ?"

"ಅಪರೂಪಕ್ಕೆ ಒಂದು ಬೇರೆ. ಬಿಪಿ ಇದ್ದವರು ದಿನಾ ನುಂಗಿದ್ರೆ ಕಿಡ್ನಿಗೆ ರಕ್ತ ಹೋಗೋದೇ ಕಡಿಮೆಯಾಗ್ತದೆ. ನೀರು ಕುಡೀದಿದ್ರೆ ಇನ್ನೂ ಕಷ್ಟ."

"ಹೋದದ್ದು ಮತ್ತೆ ಬರ್ತದಾ?"

"ಎಲ್ಲ ಬರೋದಿಲ್ಲ. ಆ ಮಾತ್ರೆ ಬಿಟ್ಟು, ಬಿಪಿ ಹಿಡಿತದಲ್ಲಿಟ್ಟು, ಉಪ್ಪು ಕಡಿಮೆ ಮಾಡಿದ್ರೆ ಉಳಿದದ್ದನ್ನ ಕಾಪಾಡಬಹುದು. ಅದೂ ಹೋದ್ರೆ ಡಯಾಲಿಸಿಸ್, ಇಲ್ಲಾ ಬೇರೆಯವರ ಕಿಡ್ನಿ." ಡಾಕ್ಟರು ದುರ್ಗಮ್ಮನತ್ತ ತಿರುಗಿದರು. "ಕೆಲಸದ ಹೊತ್ತಲ್ಲಿ ನೀರು ಕುಡೀತಿದ್ರಾ?"

ದುರ್ಗಮ್ಮ ನಾಚಿ ನಕ್ಕಳು. "ಕುಡಿದ್ರೆ ಹೋಗೋದೆಲ್ಲಿಗೆ? ರಾತ್ರಿವರೆಗೂ ಕೆಲಸ, ಕತ್ತಲಲ್ಲಿ ಗುಡ್ಡಕ್ಕೆ ಹೋಗ್ಬೇಕು. ಮಧ್ಯಾಹ್ನದ ಮೇಲೆ ನಾವ್ಯಾರೂ ನೀರು ಮುಟ್ಟೋದಿಲ್ಲ."

ಶರಾವತಿಗೆ ಇಷ್ಟು ವರ್ಷ ಇದು ಹೊಳೆದೇ ಇರಲಿಲ್ಲ. ಮನೆಯೊಳಗೆ ಎರಡು ಟಾಯ್ಲೆಟ್ ಇದ್ದವು. ಸುಲಿಯುವವರು ಒಳಗೆ ಬರುವ ಪದ್ಧತಿ ಇರಲಿಲ್ಲ, ಅಷ್ಟೇ. ಅವಳಿಗೆ ನಾಚಿಕೆಯಾಯಿತು.

ಮನೆಗೆ ಬಂದು, ಸುಲಿಯುವವರಿಗೆ ಒಳಗಿನ ಟಾಯ್ಲೆಟ್ ಬಿಟ್ಟುಕೊಡಬೇಕೆಂದು ಗಂಡ ಗಣೇಶಮೂರ್ತಿಗೆ ಹೇಳಿದಳು. "ಒಳಗೆ ಎಂತಕ್ಕೆ? ಬಪ್ಪ ವರ್ಷ ಹೊರಗೆ ಒಂದು ಕಟ್ಟಿಸಿದ್ರೆ ಆತು," ಎಂದ ಅವನು.

"ಅಲ್ಲೀವರೆಗೆ ಅವು ನೀರು ಕುಡೀದೇ ಇರಕಾ?"



ಶರಾವತಿ ನೀರಿನ ಕೊಡ ತಂದಿಟ್ಟು, ಸುಲಿಯುವವರಿಗೆಲ್ಲ ಮಾತ್ರೆಯ, ನೀರಿನ ವಿಷಯ ಹೇಳಿ, ಟಾಯ್ಲೆಟ್ಟಿಗೆ ಹೋಗುವ ಪಕ್ಕದ ಬಾಗಿಲು ತೆರೆದಳು. ಯಾರೂ ಏಳಲಿಲ್ಲ. ಅವಳು ದುರ್ಗಮ್ಮನ ಜಾಗದಲ್ಲಿ ಕೂತು ಸುಲಿಯತೊಡಗಿದಳು. ಸ್ವಲ್ಪ ಹೊತ್ತಿಗೆ ಸೊಂಟ ಹಿಡಿಯಿತು. ಎರಡು ಲೋಟ ನೀರು ಕುಡಿದಳು. ಆಮೇಲೆ ಎದ್ದು, "ನಾನು ಒಳಗೆ ಹೋಗಿ ಬರ್ತೀನಿ. ಯಾರಿಗೆ ಬೇಕೋ ಬನ್ನಿ," ಎಂದಳು.

ಶಿಲ್ಪಶ್ರೀ ಎಂಬ ಹುಡುಗಿ ಅವಳ ಹಿಂದೆ ಬಂದು ಹೊಸ್ತಿಲ ಹತ್ತಿರ ನಿಂತಳು. "ಚಪ್ಪಲಿ ಎಲ್ಲಿ ಬಿಡ್ಲಿ ಅಮ್ಮಾ?"

"ನಾನು ಬಿಟ್ಟಲ್ಲೇ ಬಿಡು."