ಹಿಂಬಾಗಿಲ ಸೋಫಾ

ಸೋಫಾ ಮಾಡುವವರ ಮನೆಯಲ್ಲಿ ಸೋಫಾ ಇರುವುದಿಲ್ಲ. ನಮ್ಮ ಮನೆಯಲ್ಲಂತೂ ಇವತ್ತಿಗೂ ಇಲ್ಲ. ಬೆಳಗಿನಿಂದ ಸಂಜೆಯವರೆಗೆ ಯಾರದೋ ಬೆನ್ನಿಗೆ ಮೆತ್ತಗಾಗಲಿ ಎಂದು ಹೊಲಿದು, ಮನೆಗೆ ಹೋಗಿ ಬರೀ ಗೋಡೆಗೆ ಒರಗಿ ಕೂರುವವರು ನಾವು. ಅದಕ್ಕೇ ಆ ಒಂದು ಸೋಫಾ ಕಾರ್ಖಾನೆಗೆ ವಾಪಸ್ ಬಂದಾಗ ನಾವು ಹೆಂಗಸರೆಲ್ಲ ಒಳಗೊಳಗೇ ಕುಣಿದಿದ್ದೆವು.

ಅದರ ಒಂದು ಕೈ ಮೇಲೆ, ಇನ್ನೊಂದು ಕೈ ಕೆಳಗೆ. ಕೊಂಡವರು ಮುಖ ಸಿಂಡರಿಸಿ ಹಿಂದಕ್ಕೆ ಕಳಿಸಿದ್ದರು. ಯಜಮಾನರು ಬಡಗಿಯನ್ನು ಬಾಯಿಗೆ ಬಂದಂತೆ ಬೈದು, ಇದನ್ನು ಒಡೆದು ಸೌದೆ ಮಾಡಿ ಎಂದರು. ನನ್ನ ಅಕ್ಕ ಬಿಡಲಿಲ್ಲ. ಬಟ್ಟೆ ಕತ್ತರಿಸುವ ಕೆಲಸ ಅವಳದು. ಕತ್ತರಿ ಕೈಯಲ್ಲಿದ್ದಾಗ ಅವಳ ಮಾತಿಗೆ ಯಜಮಾನರೂ ಎದುರಾಡುತ್ತಿರಲಿಲ್ಲ. ಉಳಿದ ತುಂಡುಬಟ್ಟೆಗಳನ್ನೆಲ್ಲ ಸೇರಿಸಿ ಅದಕ್ಕೊಂದು ಬಣ್ಣಬಣ್ಣದ ಹೊದಿಕೆ ಕತ್ತರಿಸಿದಳು, ನಾನು ಹೊಲಿದೆ. ಎಲ್ಲಿಡುವುದು ಎಂದು ನೋಡಿದರೆ ಇಡೀ ಶೆಡ್ಡಿನಲ್ಲಿ ಖಾಲಿ ಇದ್ದದ್ದು ಹಿಂಬಾಗಿಲ ಮುಂದಿನ ಜಾಗ ಒಂದೇ. ಆ ಬಾಗಿಲನ್ನು ಯಾರೂ ತೆರೆಯುತ್ತಿರಲಿಲ್ಲ. ಬಾಗಿಲಿಗೆ ಬೆನ್ನು ಕೊಟ್ಟು ಸೋಫಾ ಇಟ್ಟೆವು.

ಅಲ್ಲಿ ಕೂತವರಿಗೆ ಗೊತ್ತು ಅದರ ಸುಖ. ತಗಡಿನ ಸೂರು, ಸ್ಪಂಜಿನ ಧೂಳು, ಗೋಂದಿನ ವಾಸನೆ, ಹೊಲಿಗೆ ಮೆಷಿನ್ನುಗಳ ಗಡಗಡ. ಅಷ್ಟರ ನಡುವೆ ಆ ಬಾಗಿಲ ಸಂದಿಯಿಂದ ತೆಳ್ಳಗೆ ಒಂದು ಗಾಳಿ ಬಂದು ನೇರ ಕುತ್ತಿಗೆಯ ಹಿಂಭಾಗಕ್ಕೆ ತಾಗುತ್ತಿತ್ತು. ಊಟದ ಡಬ್ಬಿ ಹಿಡಿದು ಅಕ್ಕ ಮಧ್ಯದಲ್ಲಿ ಕೂರುವಳು, ಒಂದು ಪಕ್ಕ ನಾನು, ಇನ್ನೊಂದು ಪಕ್ಕ ಗುಂಡಿ ಕೂರಿಸುವ ಹೆಂಗಸು. ಮೂರು ಜನರ ಸೋಫಾದಲ್ಲಿ ಅಕ್ಕನಿಗೇ ಎರಡು ಜನರ ಜಾಗ ಬೇಕಿತ್ತು. ಕಾರ್ಖಾನೆಯಲ್ಲಿ ಅವಳನ್ನು ದಿಂಬು ಎನ್ನುತ್ತಿದ್ದರು, ನನ್ನನ್ನು ಸೂಜಿ. ನಾನು ಕಡ್ಡಿಯಂತಿದ್ದೆ ಎಂದು ಒಂದು ಕಾರಣ. ಮಾತೂ ಹಾಗೇ ಚುಚ್ಚುತ್ತದೆ ಎಂದು ಇನ್ನೊಂದು. ಅಕ್ಕ ಕಣ್ಣು ಮುಚ್ಚಿ, ಕುತ್ತಿಗೆ ಹಿಂದಕ್ಕೆ ಚೆಲ್ಲಿ, "ಇಷ್ಟು ಗಾಳಿ ಸಿಕ್ಕರೆ ಸಾಕು ಕಣೇ, ನನಗೆ ಇನ್ನೇನೂ ಬೇಡ" ಎನ್ನುತ್ತಿದ್ದಳು. ಆ ಗಾಳಿಗಾಗಿ ನಾನು ಈಗಲೂ ಒದ್ದಾಡುತ್ತೇನೆ. ಮನೆಯಲ್ಲಿ ಫ್ಯಾನಿನ ಕೆಳಗೆ ಕೂತರೂ ಕುತ್ತಿಗೆ ಅದನ್ನೇ ಹುಡುಕುತ್ತದೆ.

ಬೆಂಕಿ ಹೇಗೆ ಬಿತ್ತು ಎಂದು ಆಮೇಲೆ ಬಂದವರೆಲ್ಲ ಕೇಳಿದರು. ಅದರಲ್ಲಿ ಗುಟ್ಟೇನೂ ಇರಲಿಲ್ಲ. ಸ್ಪಂಜು ಅಂಟಿಸುವ ಗೋಂದಿನಣ್ಣ ಗೋಂದು ಬೇಗ ಒಣಗಲಿ ಎಂದು ಪಕ್ಕದಲ್ಲೇ ಟೇಬಲ್ ಫ್ಯಾನ್ ಇಟ್ಟುಕೊಳ್ಳುತ್ತಿದ್ದ. ಆ ಫ್ಯಾನಿಗೆ ಪ್ಲಗ್ ಇರಲಿಲ್ಲ. ಎರಡು ಬರೀ ತಂತಿಯನ್ನು ಗೋಡೆಯ ತೂತಿಗೆ ತುರುಕಿ, ಅಲ್ಲಾಡದಿರಲಿ ಎಂದು ಬೆಂಕಿಕಡ್ಡಿ ಸಿಕ್ಕಿಸಿದ್ದ. ಆಗಾಗ ಅಲ್ಲಿ ಚಿಟಚಿಟ ಎಂದು ಕಿಡಿ ಹಾರುತ್ತಿತ್ತು, ನಾವು ನೋಡಿ ನಗುತ್ತಿದ್ದೆವು. ಗೋಂದಿನ ಡಬ್ಬದ ಬಾಯಿ ಯಾವಾಗಲೂ ತೆರೆದೇ ಇರುತ್ತಿತ್ತು. ಗೋಂದಿನ ಆವಿಗೂ ಬೆಂಕಿ ಹಿಡಿಯುತ್ತದೆ ಎನ್ನುವುದು ನಮ್ಮಲ್ಲಿ ಯಾರ ತಲೆಗೂ ಹೋಗಿರಲಿಲ್ಲ. ಒಂದು ಮಧ್ಯಾಹ್ನ ಊಟದ ಹೊತ್ತಿಗೆ ಆ ಕಿಡಿ ಗಾಳಿಯಲ್ಲಿ ಆರಿಹೋಗಲಿಲ್ಲ, ಅಷ್ಟೇ. ಪಕ್ಕದಲ್ಲೇ ಸೂರಿಗೆ ಮುಟ್ಟುವಷ್ಟು ಸ್ಪಂಜು ಪೇರಿಸಿತ್ತು.

ಮುಂದುಗಡೆ ಇದ್ದವರು ಮುಂಬಾಗಿಲಿಂದ ಓಡಿದರು. ಹಿಂದುಗಡೆ ಇದ್ದವರು ನಾವು ಮೂವರು. ಇಬ್ಬರು ಹೊರಗೆ ಬಂದೆವು.

ಕಾರ್ಖಾನೆ ಹೋಯಿತು. ಗೋಂದಿನಣ್ಣನ ಎರಡೂ ಕೈ ಮುದುಡಿಹೋದವು; ಲೋಟ ಹಿಡಿಯುವುದಕ್ಕೂ ಈಗ ಹೆಂಡತಿಯ ಮುಖ ನೋಡಬೇಕು. ಯಜಮಾನರು ಒಂದೇ ಸಲಕ್ಕೆ ಮುದುಕರಾದರು. ನಾವೆಲ್ಲ ದಿಕ್ಕಾಪಾಲಾದೆವು: ಒಬ್ಬಳು ಚೀಲದ ಅಂಗಡಿಗೆ, ಒಬ್ಬಳು ಆಸ್ಪತ್ರೆಯ ಕಸ ಗುಡಿಸುವುದಕ್ಕೆ, ನಾನು ಮನೆಯಲ್ಲೇ ಪರದೆಗಳ ಅಂಚು ಮಡಚುವುದಕ್ಕೆ. ಭಾವನ ಮಾತು ಕಡಿಮೆಯಾಯಿತು. ಅಕ್ಕನ ಮಗಳು ಆಗ ಚಿಕ್ಕ ಹುಡುಗಿ. ಶಾಲೆಯಿಂದ ಬಂದು ಬ್ಯಾಗು ಇಡದೆ ಬಾಗಿಲಲ್ಲೇ ನಿಂತು, ಅಮ್ಮ ಎಲ್ಲಿ ಎಂದು ಕೇಳುತ್ತಿದ್ದಳು. ಅವಳನ್ನು ನಾನೇ ಸಾಕಿದೆ.

ಅವಳಿಗೆ ನಾನು ಏನು ಹೇಳಬೇಕಿತ್ತು? ಅಮ್ಮ ಸೋಫಾದ ಮೇಲೆ ಕೂತಿದ್ದಳು, ಹೊಗೆ ಬಂತು, ನಿದ್ದೆ ಬಂದಂತೆ ಹೋಗಿಬಿಟ್ಟಳು ಎಂದೆ. ಆ ಸೋಫಾ ಎಷ್ಟು ಚೆನ್ನಾಗಿತ್ತು, ಹೊದಿಕೆಯಲ್ಲಿ ಎಷ್ಟು ಬಣ್ಣಗಳಿದ್ದವು, ಬಾಗಿಲ ಸಂದಿಯ ಗಾಳಿಗೆ ಅಮ್ಮ ಹೇಗೆ ಕಣ್ಣು ಮುಚ್ಚುತ್ತಿದ್ದಳು, ಇದನ್ನೆಲ್ಲ ಕೇಳಿದಾಗಲೆಲ್ಲ ಹೇಳಿದೆ, ಕೇಳದಿದ್ದಾಗಲೂ ಹೇಳಿದೆ. ಹೇಳುವಾಗ ನನಗೂ ಅಕ್ಕನ ಪಕ್ಕದಲ್ಲಿ ಒಂದಿಷ್ಟು ಹೊತ್ತು ಕೂತು ಬಂದಂತಾಗುತ್ತಿತ್ತು. ಸೋಫಾ ಬಾಗಿಲಿಗೆ ಅಡ್ಡವಿತ್ತು ಎನ್ನುವುದನ್ನು ಮಾತ್ರ ನುಂಗಿಕೊಂಡೆ. ಮಗುವಿಗೆ ತಾಯಿಯದೆಂದು ಉಳಿದಿದ್ದ ಒಂದೇ ಒಂದು ಚಂದದ ಜಾಗ ಅದು. ಅದನ್ನು ಹೇಗೆ ಕಿತ್ತುಕೊಳ್ಳಲಿ?

ಅವಳ ಅಡ್ಡಹೆಸರು ಪುಟ್ಟಿ. ಹೆಸರಿಗೆ ಮಾತ್ರ ಪುಟ್ಟಿ. ಬೆಳೆಯುತ್ತ ಬೆಳೆಯುತ್ತ ತಾಯಿಯ ಎರಕವೇ ಆದಳು. ಅದೇ ಅಗಲ ಭುಜ, ಅದೇ ತುಂಬಿದ ತೋಳು, ನಡೆದರೆ ಅದೇ ತೂಗಾಟ. ಹಿಂದಿನಿಂದ ನೋಡಿದರೆ ನನ್ನ ಎದೆ ಧಸಕ್ಕೆನ್ನುತ್ತದೆ. ಯಜಮಾನರು ಎಷ್ಟೋ ವರ್ಷದ ಮೇಲೆ ಬೇರೆ ಬೀದಿಯಲ್ಲಿ ಮತ್ತೆ ಕಾರ್ಖಾನೆ ತೆರೆದು ನನ್ನನ್ನು ಕರೆದಾಗ, ನಾನೂ ಬರ್ತೀನಿ, ಅಮ್ಮನ ಕತ್ತರಿ ನಾನು ಹಿಡೀತೀನಿ ಎಂದು ಹಟ ಹಿಡಿದಳು. ಭಾವ ಸುತರಾಂ ಒಪ್ಪಲಿಲ್ಲ. ನಾನಿದ್ದೀನಲ್ಲ ಎಂದು ನಾನೇ ಮುಂದೆ ಬಿದ್ದು ಒಪ್ಪಿಸಿದೆ. ಭಾವ ಕೊನೆಗೆ ಹೇಳಿದರು: "ನಿನ್ನ ಕೈಗೆ ಕೊಡ್ತಾ ಇದ್ದೀನಿ. ದಿನಾ ಸಂಜೆ ಹಾಗೇ ವಾಪಸ್ ಕೊಡು."

ಹೊಸ ಶೆಡ್ಡಿನಲ್ಲಿ ಯಜಮಾನರು ಜೀವ ಬಾಯಿಗೆ ಬಂದವರ ಹಾಗೆ ಜಾಗ್ರತೆ ಮಾಡಿದ್ದರು. ಗೋಂದಿಗೆ ಹೊರಗೆ ಬೇರೆಯೇ ಕೋಣೆ, ಡಬ್ಬಕ್ಕೆ ಮುಚ್ಚಳ, ಸ್ಪಂಜು ಸೊಂಟಕ್ಕಿಂತ ಎತ್ತರ ಪೇರಿಸುವಂತಿಲ್ಲ, ಊಟಕ್ಕೆ ಏಳುವಾಗ ಮೇನ್ ಸ್ವಿಚ್ ಬಂದ್. ಗೋಡೆಗೆ ಕೆಂಪು ಸಿಲಿಂಡರುಗಳು, ಮರಳು ತುಂಬಿದ ಬಕೆಟ್ಟುಗಳು. ಅಗ್ನಿಶಾಮಕದವರು ಬಂದು ಸಿಲಿಂಡರಿನ ಪಿನ್ ಎಳೆಯುವುದನ್ನು ನಮ್ಮ ಕೈಯಲ್ಲೇ ಮಾಡಿಸಿದರು. ಒಬ್ಬಳು ಹೆದರಿ ಯಜಮಾನರ ಪ್ಯಾಂಟಿನ ಮೇಲೆಲ್ಲ ಬಿಳಿ ಪುಡಿ ಊದಿಬಿಟ್ಟಳು; ಅವರು ಬೈಯಲಿಲ್ಲ. ಹಿಂಬಾಗಿಲು ಈಗ ಹೊರಕ್ಕೆ ತೆರೆಯುವಂಥದ್ದು. ಅದರ ಮುಂದೆ ನೆಲಕ್ಕೆ ಹಳದಿ ಬಣ್ಣದಲ್ಲಿ ಚೌಕ ಬಳಿದು, ಇಲ್ಲಿ ಸೂಜಿಯನ್ನೂ ಇಡಬಾರದು ಎಂದರು. ನಾನೇ ಸೂಜಿ, ನಾನೂ ನಿಲ್ಲಬಾರದಾ ಎಂದು ಕೇಳಿದ್ದಕ್ಕೆ ಎಲ್ಲರೂ ನಕ್ಕರು.

ಆದರೆ ನಮ್ಮ ಹೆಂಗಸರಿಗೆ ಖಾಲಿ ಜಾಗ ಕಂಡರೆ ಕೈ ಸುಮ್ಮನಿರುವುದಿಲ್ಲ. ಮೊದಮೊದಲು ಆ ಚೌಕವನ್ನು ಸುತ್ತುಹಾಕಿ ನಡೆದವರು, ಆಮೇಲೆ ತುಳಿದು ನಡೆದರು. ಆಮೇಲೆ ಚಪ್ಪಲಿ ಬಿಟ್ಟರು. ನಾನು ಬಾಯಿ ಮಾಡಿದೆ, ಚಪ್ಪಲಿ ಹೋಯಿತು.

ಒಂದು ದಿನ ಹಲ್ಲುನೋವೆಂದು ಅರ್ಧ ದಿನ ರಜೆ ಹಾಕಿ, ಊಟದ ಹೊತ್ತಿಗೆ ಕೆಲಸಕ್ಕೆ ಬಂದೆ. ಮುಂಬಾಗಿಲಲ್ಲೇ ಪುಟ್ಟಿ ನನ್ನ ಕಣ್ಣು ಮುಚ್ಚಿ ಒಳಗೆ ನಡೆಸಿಕೊಂಡು ಹೋದಳು. ಸುತ್ತ ಎಲ್ಲರೂ ಕಿಸಿಕಿಸಿ ನಗುತ್ತಿದ್ದರು. ಕೈ ತೆಗೆದಾಗ ಎದುರಿಗೆ ಸೋಫಾ ಇತ್ತು. ಮೂರು ಜನರದು. ಚೌಕಟ್ಟು ಸ್ವಲ್ಪ ಸೊಟ್ಟ ಎಂದು ಮೂಲೆಗೆ ತಳ್ಳಿದ್ದನ್ನು ಅವಳು ಯಜಮಾನರಲ್ಲಿ ಗೋಗರೆದು ಪಡೆದಿದ್ದಳಂತೆ. ಎಲ್ಲಿಡುತ್ತೀಯ ಎಂದು ಅವರು ಕೇಳಲಿಲ್ಲ, ಇವಳು ಹೇಳಲಿಲ್ಲ. ತುಂಡುಬಟ್ಟೆಗಳ ಹೊದಿಕೆ, ನಾನು ಹೇಳಿದ್ದ ಬಣ್ಣಗಳೇ, ಒಂದೂ ತಪ್ಪಿಲ್ಲ. ಹಳದಿ ಚೌಕದ ಮೇಲೆ, ಹಿಂಬಾಗಿಲಿಗೆ ಬೆನ್ನು ಕೊಟ್ಟು ಇಟ್ಟಿದ್ದಳು. ಬಾಗಿಲನ್ನು ಒಂದಿಷ್ಟೇ ಓರೆ ಮಾಡಿದ್ದಳು.

"ಅಮ್ಮನ ಜಾಗ. ಮೊದಲು ನೀನು ಕೂತ್ಕೋ ಚಿಕ್ಕಮ್ಮ," ಎಂದಳು.

ಬೈಯಬೇಕಿತ್ತು. ನನ್ನ ಬಾಯಿಗೆ ಬೈಗುಳದ ಬರವಿಲ್ಲ ಎಂದು ಊರಿಗೇ ಗೊತ್ತು. ಆದರೆ ನಾನು ಕೂತೆ. ಸುಳ್ಳು ಏಕೆ ಹೇಳಲಿ, ಕಾಲೇ ಕರೆದುಕೊಂಡು ಹೋಯಿತು. ಗಾಳಿ ಬಂದು ಕುತ್ತಿಗೆಯ ಹಿಂದೆ ತಾಗಿತು. ಅದೇ ಜಾಗಕ್ಕೆ, ಅಷ್ಟೇ ತೆಳ್ಳಗೆ. ಕಣ್ಣು ತಾನಾಗಿ ಮುಚ್ಚಿಕೊಂಡಿತು. ಬಲಗಡೆ ಮೆತ್ತೆ ಕುಸಿದು, ಭಾರವಾದ ಬೆಚ್ಚಗಿನ ತೋಳೊಂದು ನನ್ನ ತೋಳಿಗೆ ತಾಗಿತು. ಪುಟ್ಟಿ ಕೂತಿದ್ದಳು. ಹೀಗೇ ಇದ್ದುಬಿಡೋಣ, ಯಾರೂ ಏಳುವುದು ಬೇಡ, ಏನೂ ಹೇಳುವುದು ಬೇಡ ಎಂದು ನನಗೆ ಎಷ್ಟು ಆಸೆಯಾಯಿತೆಂದರೆ, ಉಸಿರು ಬಿಡುವುದಕ್ಕೂ ಮನಸ್ಸಾಗಲಿಲ್ಲ.

ಆಮೇಲೆ ಭಾವನ ಮಾತು ನೆನಪಾಯಿತು. ಕಣ್ಣು ಬಿಟ್ಟು ಪುಟ್ಟಿಯ ಭುಜದ ಅಗಲ ನೋಡಿದೆ.

ಇದನ್ನು ತೆಗೀರಿ ಎಂದೆ. ಹೆಂಗಸರೆಲ್ಲ ಒಟ್ಟಿಗೆ ಮೇಲೆ ಬಿದ್ದರು: ಹೊಸ ಬಾಗಿಲು ಹೊರಕ್ಕೆ ತೆರೆಯುತ್ತೆ, ಬೇಕಾದರೆ ಸೋಫಾ ಹತ್ತಿ ದಾಟಿದರಾಯಿತು, ಎಲ್ಲದಕ್ಕೂ ತಕರಾರು ತೆಗೆಯುತ್ತೀಯ. ಪುಟ್ಟಿ ಮುಖ ಊದಿಸಿಕೊಂಡು, ಅಮ್ಮ ಇಲ್ಲಿ ಎಷ್ಟು ಖುಷಿಯಾಗಿದ್ದಳು ಅಂತ ನೀನೇ ತಾನೇ ಹೇಳಿದ್ದು ಎಂದಳು. ಹೌದು, ನಾನೇ. ಹೇಳಿ ಹೇಳಿ ಅವಳನ್ನು ಈ ಬಾಗಿಲಿಗೆ ತಂದು ಕೂರಿಸಿದವಳೂ ನಾನೇ. ಇನ್ನು ನುಂಗಿಕೊಳ್ಳುವಂತಿರಲಿಲ್ಲ.

"ಪುಟ್ಟಿ, ನಿಮ್ಮಮ್ಮ ನಿದ್ದೆಯಲ್ಲಿ ಹೋಗಲಿಲ್ಲ," ಎಂದೆ. "ಆ ಹಳೇ ಬಾಗಿಲು ಒಳಕ್ಕೆ ತೆರೆಯೋದು. ಸೋಫಾ ಎಳೆದ್ವಿ. ಅದು ಕಟಿಂಗ್ ಮೇಜಿಗೆ ಹೋಗಿ ತಗುಲಿಕೊಳ್ತು. ಮೇಜು ನೆಲಕ್ಕೆ ಬೋಲ್ಟ್ ಹಾಕಿದ್ದು. ಬಾಗಿಲು ಇಷ್ಟೇ ಇಷ್ಟು ತೆರೀತು." ಕೈಯಲ್ಲಿ ತೋರಿಸಿದೆ. "ಗುಂಡಿಯವಳು ನುಸುಳಿದಳು. ನನ್ನನ್ನು ನಿಮ್ಮಮ್ಮ ಹಿಂದಿನಿಂದ ತಳ್ಳಿದಳು. ನಾನು ಸಣ್ಣಕ್ಕಿದ್ದೆ, ಬಂದುಬಿಟ್ಟೆ. ಅವಳು ಆ ಸಂದಿಯಲ್ಲಿ ಹಿಡಿಸಲಿಲ್ಲ."

ಮೆಷಿನ್ನುಗಳು ಬಂದ್ ಆಗಿದ್ದವು. ಸ್ಪಂಜಿನ ಹೊಗೆ ಕಪ್ಪಗೆ ಗೋಡೆ ಎದ್ದಂತೆ ಬರುತ್ತದೆ, ನಮ್ಮ ಕೈ ನಮಗೇ ಕಾಣುವುದಿಲ್ಲ, ಅಂಥ ಹೊಗೆಯಲ್ಲಿ ಸೋಫಾ ಹತ್ತಿ ದಾಟುವವರು ಯಾರು ಎಂದು ಉಳಿದ ಹೆಂಗಸರಿಗೂ ಹೇಳಿದೆ. ಪುಟ್ಟಿ ನನ್ನನ್ನೇ ನೋಡುತ್ತಿದ್ದಳು. ಅಮ್ಮ ಏನಾದರೂ ಹೇಳಿದಳಾ ಎಂದು ಬಹಳ ಮೆಲ್ಲಗೆ ಕೇಳಿದಳು. ಭಾವ ಇದೇ ಪ್ರಶ್ನೆ ಕೇಳಿದಾಗ ಇಲ್ಲ ಎಂದಿದ್ದೆ.

"ಸಂದಿಯಿಂದ ಕೈ ಹೊರಗೆ ಹಾಕಿದ್ದಳು. ನಾನು ಹಿಡ್ಕೊಂಡಿದ್ದೆ. ಪುಟ್ಟಿ ಶಾಲೆಯಿಂದ ಬರೋ ಹೊತ್ತಾಯ್ತು, ನೀನು ಮನೆಗೆ ಹೋಗೇ ಅಂದಳು."

ಅವಳ ಮುಖ ನೋಡಲು ನನ್ನಿಂದಾಗಲಿಲ್ಲ. ಎದ್ದು ಮುಂಬಾಗಿಲಿಂದ ಹೊರಬಿದ್ದು, ಶೆಡ್ಡು ಸುತ್ತಿ ಹಿಂದಿನ ಗಲ್ಲಿಗೆ ಹೋದೆ. ಅಲ್ಲಿ ಒಂದು ಮೋರಿ, ಯಾರೋ ಒಣಹಾಕಿದ ಬಟ್ಟೆ, ಎದುರು ನಮ್ಮ ಹಿಂಬಾಗಿಲು. ಗೋಡೆಗೆ ಒರಗಿ ನಿಂತು ಹೊಟ್ಟೆ ತುಂಬ ಅತ್ತೆ. ಅವಳ ಒಂದೇ ಚಂದದ ಜಾಗವನ್ನು ಸುಟ್ಟುಬಿಟ್ಟೆನಲ್ಲ ಎಂದು ಅತ್ತೆ. ನನ್ನದೂ ಅದೇ ಜಾಗವಾಗಿತ್ತಲ್ಲ ಎಂದೂ ಅತ್ತೆ. ಇನ್ನು ಮೇಲೆ ಅಕ್ಕನ ಪಕ್ಕ ಕೂತು ಬರುವುದಕ್ಕೆ ನಾನೆಲ್ಲಿಗೆ ಹೋಗಲಿ?

ಒಳಗೆ ಸೋಫಾದ ಕಾಲು ನೆಲಕ್ಕೆ ಉಜ್ಜುವ ಸದ್ದಾಯಿತು. ಆ ಸದ್ದನ್ನು ನಾನು ಸಾಯುವವರೆಗೆ ಮರೆಯಲಾರೆ. ಅಂದೂ ಹೀಗೇ ಹೊರಗೆ ನಿಂತಿದ್ದೆ, ಒಳಗೆ ಅಕ್ಕ ಹೀಗೇ ಎಳೆಯುತ್ತಿದ್ದಳು. ಸದ್ದು ಒಂದು ಸಲ ನಿಂತಿತು. ಮತ್ತೆ ಉಜ್ಜಿತು, ದೂರ ಹೋಯಿತು.

ಬಾಗಿಲು ತೆರೆಯಿತು. ಸಂದಿ ಅಲ್ಲ, ಪೂರ್ತಿ. ಗೋಡೆಗೆ ಬಡಿಯುವಷ್ಟು. ಗಲ್ಲಿಯ ಗಾಳಿಯೆಲ್ಲ ಒಮ್ಮೆಗೇ ಒಳಗೆ ನುಗ್ಗಿ ತುಂಡುಬಟ್ಟೆಗಳು ಹಾರಾಡಿದವು. ಹೆಂಗಸರು ಅಯ್ಯೋ ಅಯ್ಯೋ ಎಂದು ಹಿಡಿಯಲು ಓಡಿದರು. ಅಕ್ಕ ಇಷ್ಟು ಗಾಳಿಯನ್ನು ಕಂಡೇ ಇರಲಿಲ್ಲ. ಬಾಗಿಲ ಕತ್ತಲಿನಿಂದ ಅಗಲ ಭುಜದ, ತುಂಬಿದ ತೋಳಿನ ಹೆಂಗಸೊಬ್ಬಳು ಎಲ್ಲೂ ತಗುಲದೆ, ತೋಳು ಬೀಸಿಕೊಂಡು, ತೂಗಾಡುತ್ತ ಬಿಸಿಲಿಗೆ ನಡೆದು ಬಂದಳು. ನನ್ನ ಕಣ್ಣಲ್ಲಿ ನೀರು ತುಂಬಿತ್ತು, ಮುಖ ಸರಿಯಾಗಿ ಕಾಣಲಿಲ್ಲ. ಅಕ್ಕ ಹೊರಗೆ ಬಂದಳು ಎಂದು ಒಂದು ಗಳಿಗೆ ನಂಬಿದೆ. ಅವಳು ಬಂದು ನನ್ನ ಕೈ ಹಿಡಿಯುವವರೆಗೂ ನಾನು ಕಣ್ಣು ಒರೆಸಿಕೊಳ್ಳಲಿಲ್ಲ.