ಇಪ್ಪತ್ತೊಂದನೇ ಕ್ಯಾಸೆಟ್

"ಈಗ ಬರ್ತದ, ಸುಮ್ಮ ಕೇಳ್ರಿ," ಎಂದು ಗುರುಲಿಂಗ ಟೇಪಿನ ದನಿ ಏರಿಸಿದ. ಹುಮನಾಬಾದಿನಲ್ಲಿ ಅವನದು ಟ್ರ್ಯಾಕ್ಟರಿನ ಬಿಡಿಭಾಗಗಳ ಅಂಗಡಿ. ಬಸವಕಲ್ಯಾಣದಿಂದ ಬಂದಿದ್ದ ಉತ್ತಮ ಕುರ್ಚಿಯ ತುದಿಗೆ ಕೂತು ಬೆವರುತ್ತಿದ್ದ. ಒಂಬತ್ತು ವರ್ಷದ ಹಿಂದಿನ ತನ್ನ ದನಿ ಕೇಳಲು ಅವನಿಗೆ ನಾಚಿಕೆ. ಅದಕ್ಕಿಂತ ಹೆಚ್ಚಾಗಿ ಹೆದರಿಕೆ.

ತೊಂಬತ್ತೆಂಟರಲ್ಲಿ ಉತ್ತಮ ಮತ್ತು ದೇವಿದಾಸ ಸೇರಿ 'ಕೋಟಿ ಹಿಂದ', ಅಂದರೆ ಕೋಟೆಯ ಹಿಂದೆ, ಎಂಬ ರ‍್ಯಾಪ್ ಹಾಡುಗಳ ಕ್ಯಾಸೆಟ್ ಮಾಡಿದ್ದರು. ನಕಲು ತೆಗೆಯುವ ಯಂತ್ರ ಎಲ್ಲಿಂದ ಬರಬೇಕು? ಉತ್ತಮನ ಮನೆಯಲ್ಲಿ ಎರಡು ಟೇಪುಗಳನ್ನು ಎದುರುಬದುರು ಇಟ್ಟು, ಒಂದು ಹಾಡಿದ್ದನ್ನು ಇನ್ನೊಂದಕ್ಕೆ ಕೇಳಿಸಿ, ಒಂದೊಂದಾಗಿ ಅರವತ್ತು ಕ್ಯಾಸೆಟ್ ತುಂಬಿದರು. ಕುಕ್ಕರಿನ ಸೀಟಿ, ಬೀದಿನಾಯಿ, ಮೊಸರು ಮಾರುವವಳು, ಎಲ್ಲರೂ ಪುಕ್ಕಟೆಯಾಗಿ ಹಾಡಿಗೆ ಸೇರಿಕೊಂಡರು. ಕೊಂಡವರು "ಹಾಡು ಯಾವಾಗ ಸುರು ಆಗ್ತದ?" ಎಂದು ಕೇಳಿ, ಕೊನೆಗೆ ಅದರ ಮೇಲೆಯೇ ಭಜನೆ ತುಂಬಿಸಿಕೊಂಡರು.

ಒಂದು ನಕಲಿನಂತೆ ಇನ್ನೊಂದಿಲ್ಲ ಎಂಬುದೇ ಗುರುಲಿಂಗನಿಗೂ ಅವನ ಗೆಳೆಯ ಹುಸೇನನಿಗೂ ಹುಚ್ಚು ಹಿಡಿಸಿತ್ತು. ಹುಡಗಿ, ದುಬಲಗುಂಡಿ ಎಂದು ಸುತ್ತಲಿನ ಊರುಗಳಲ್ಲಿ ಮನೆಮನೆ ಸುತ್ತಿ ಇಬ್ಬರೂ ಹದಿನಾಲ್ಕನ್ನು ಕೂಡಿಹಾಕಿದ್ದರು. ಇಂದು ಹಾಕಿದ್ದು ಇಪ್ಪತ್ತೊಂದನೇ ನಂಬರಿನದು.

ಉತ್ತಮನ ಹೆದರಿಕೆಯೆಲ್ಲ ಮೂರನೇ ಹಾಡಿನದು. ಅದರ ನಡುವೆ ದೇವಿದಾಸ ಒಂದು ನಿಮಿಷ, ಕಲ್ಲು ಒಡೆಯುವ ತನ್ನ ಅಪ್ಪನ ಬಗ್ಗೆ ಹಾಡಿದ್ದ. ಕೇಳಿದ ನಾಲ್ಕು ಜನ ಮೆಚ್ಚಿದ್ದೂ ಅದನ್ನೇ. ಅರವತ್ತೂ ತುಂಬಿದ ಮೇಲೆ ನೋಡಿದರೆ, ಮೂಲ ಕ್ಯಾಸೆಟ್ಟಿನಲ್ಲಿ ಆ ಒಂದು ನಿಮಿಷವೇ ಅಳಿಸಿಹೋಗಿತ್ತು. "ಹೊಟ್ಟೆಕಿಚ್ಚಿಗೆ ನೀನೇ ಅಳಿಸಿದಿ," ಎಂದು ಹೋದ ದೇವಿದಾಸ, ಒಂದೇ ಊರಿನಲ್ಲಿದ್ದೂ ಮತ್ತೆ ಮಾತಾಡಲಿಲ್ಲ. ಉತ್ತಮನಿಗೆ ಹೊಟ್ಟೆಕಿಚ್ಚು ಇದ್ದದ್ದಂತೂ ನಿಜ. ಹಾಗಾಗಿ ತನ್ನ ಬೆರಳೇ ಯಾವಾಗಲೋ ರೆಕಾರ್ಡಿನ ಕೆಂಪು ಗುಂಡಿ ಒತ್ತಿರಬೇಕು ಎಂದು ಅವನೂ ನಂಬಿಬಿಟ್ಟಿದ್ದ.

ಟೇಪಿನಲ್ಲಿ ದೇವಿದಾಸನ ದನಿ ಒಂದು ಸಾಲು ಬಂದಿತ್ತು, ಅಷ್ಟರಲ್ಲಿ ಟೇಪಿನೊಳಗೇ ಒಂದು ಬಾಗಿಲು ಕಿರುಗುಟ್ಟಿತು.

"ಏನ್ ಗದ್ದಲ ಹಚ್ಚೀರಿ ಸೋನುಬಾಯಿ? ನನ್ನ ಮಾತೇ ನನಗ ಕೇಳಸವಲ್ದು." ಅದು ಪಕ್ಕದ ಮನೆಯ ಸರುಬಾಯಿ.

"ಉತ್ತಮ ಚಾಪುಡಿ ತರಾಕ ಹೋಗ್ಯಾನ. ತಡಿ, ನಾನೇ ಬಂದ್ ಮಾಡ್ತೀನಿ," ಎಂದದ್ದು ಉತ್ತಮನ ತಾಯಿ. ಟಪ್. ಹಾಡು ನಿಂತಿತು. "ಈ ಕೆಂಪಂದೂ ಒತ್ತತೀನಿ, ಪಕ್ಕಾ ಬಂದ್ ಆಗಲಿ." ಮತ್ತೊಂದು ಟಪ್.

ಅಂದು ಹಾಡುತ್ತಿದ್ದ ಟೇಪಿನ ಮೈಕು ಮೊದಲೇ ಕೆಟ್ಟಿತ್ತು. ಅದು ಮೂಲ ಕ್ಯಾಸೆಟ್ಟಿಗೆ ಬರೀ ಮೌನ ತುಂಬಿತು. ಎದುರಿನದು ಮಾತ್ರ ಸರುಬಾಯಿಯ ಸೊಸೆಯ ಪುರಾಣವನ್ನು ಒಂದಕ್ಷರ ಬಿಡದೆ ಹಿಡಿದುಕೊಂಡಿತು. ನಿಮಿಷದ ನಂತರ ಸರುಬಾಯಿ ಹೊರಟಳು, ಸೋನುಬಾಯಿ ಇದ್ದಬದ್ದ ಗುಂಡಿಗಳನ್ನೆಲ್ಲ ಒತ್ತಿದಳು, ಹಾಡು ಮುಂದುವರಿಯಿತು.

ಉತ್ತಮ ನಕ್ಕ. ನಗು ನಿಲ್ಲಲಿಲ್ಲ, ಕಣ್ಣಲ್ಲಿ ನೀರು ಬಂತು. ಅಬ್ಬಾ, ತಾನಲ್ಲ! ಒಂಬತ್ತು ವರ್ಷ ತನ್ನನ್ನೇ ತಾನು ಬೈದುಕೊಂಡದ್ದೆಲ್ಲ ದಂಡ.

"ಅವರಿಗೂ ಕೇಳಸೋಣು," ಎಂದು ಗುರುಲಿಂಗ ದೇವಿದಾಸನಿಗೆ ಫೋನು ಹಚ್ಚಿ, ಟೇಪನ್ನು ಹಿಂದೆ ಸುತ್ತಿ ಅದರ ಮುಂದೆ ಹಿಡಿದ. ಮುಗಿದ ಮೇಲೆ ಫೋನನ್ನು ಉತ್ತಮನ ಕೈಗಿಟ್ಟ.

"ಕಾಕು ಅಲ್ಲೇನು ಅದು?" ಎಂದಿತು ಅತ್ತಲಿನ ದನಿ. ಉತ್ತಮನ ತಾಯಿಯನ್ನು ಅವನು ಕರೆಯುತ್ತಿದ್ದದ್ದೇ ಹಾಗೆ.

"ಹೂಂ."

"ಮತ್ತ ಆವಾಗೇ ಯಾಕ ಜಗಳಾಡಲಿಲ್ಲೋ, ನಾ ಅಳಿಸಿಲ್ಲಂತ?"

"ಹೊಟ್ಟೆಕಿಚ್ಚು ಇತ್ತಲ್ಲೋ, ದೇವ್ಯಾ. ನಾನೇ ಅಳಿಸೀನಿ ಅಂತ ನನಗೂ ಅನಸಿತ್ತು."



"ಕಾಕು ಮನ್ಯಾಗ ಅದಾಳೇನು?"

"ಅದಾಳ."

"ನಾ ಅಲ್ಲಿಗೇ ಹೊಂಟೆ. ನೀ ಬಸ್ ಹತ್ತಿ ಬಾ."

ಉತ್ತಮ ಫೋನು ಇಡಲಿಲ್ಲ. ದೇವಿದಾಸ ಹೆಂಡತಿಗೆ ಏನೋ ಹೇಳಿದ್ದು, ಚಪ್ಪಲಿ ಹುಡುಕಿದ್ದು, ಆಮೇಲೆ ಬೀದಿಯ ಸದ್ದು ಕೇಳಿಸಿತು. ಅವನೂ ಇಟ್ಟಿರಲಿಲ್ಲ.